ಊರು ಬಿಟ್ಟ ಸ್ಪ್ಯಾನಿಷ್‌ನ ಐನೂರು ವರ್ಷ

ಚೆನ್ನೈಗೆ ಬಂದ ಹೊಸದರಲ್ಲಿ ಹಾಲಿನವರು ಬಾಗಿಲಲ್ಲಿ ‘ಪಾಲ್’ ಎಂದು ಕೂಗಿದಾಗ ನನಗೆ ಹೈಸ್ಕೂಲಿನ ಕನ್ನಡ ಮೇಷ್ಟ್ರು ನೆನಪಾಗಿದ್ದರು. ಹಳಗನ್ನಡದಲ್ಲಿ ನಮ್ಮವೂ ಪಾಲ್, ಪುಲಿ, ಪೂ ಎಂಬ ಮಾತುಗಳೇ. ಕಾಲಕ್ರಮದಲ್ಲಿ ‘ಪ’ಕಾರ ‘ಹ’ಕಾರವಾಗಿ ಹಾಲು, ಹುಲಿ, ಹೂ ಆದವು. ತಮಿಳಿನಲ್ಲಿ ಆ ‘ಪ’ ಹಾಗೇ ಉಳಿಯಿತು.

ಮೆಕ್ಸಿಕೊದ ಕಾರ್ಖಾನೆಯೊಂದರ ಜತೆ ನಿತ್ಯ ವ್ಯವಹರಿಸುವ ಕೆಲಸ ನನ್ನದು. ಅದಕ್ಕಾಗಿ ಸ್ಪ್ಯಾನಿಷ್ ಕಲಿಯಲು ಕುಳಿತರೆ ಅಲ್ಲೂ ಇಂಥದೇ ಕಥೆ. ಲ್ಯಾಟಿನ್‌ನಲ್ಲಿ ಹಿಟ್ಟಿಗೆ ‘ಫರೀನಾ’ ಎಂದು ಹೆಸರು. ಸ್ಪ್ಯಾನಿಷ್‌ನಲ್ಲಿ ‘ಫ’ ಹೋಗಿ ‘ಹ’ ಬಂತು. ಈಗ ಆ ‘ಹ’ ಬರವಣಿಗೆಯಲ್ಲಷ್ಟೇ ಇದೆ, ಬಾಯಲ್ಲಿ ‘ಅರೀನಾ’. ಮಂಡ್ಯದ ಕಡೆ ಹಾಲಿಗೆ ‘ಆಲು’ ಎನ್ನುವುದನ್ನು ಕೇಳಿದವರಿಗೆ ಇದೇನೂ ವಿಚಿತ್ರವಲ್ಲ!

ಹೀಗೆ ಶುರುವಾದ ಕುತೂಹಲ ನನ್ನನ್ನು ಸ್ಪ್ಯಾನಿಷ್‌ನ ಚರಿತ್ರೆಯತ್ತ ಎಳೆದೊಯ್ದಿತು. ಕ್ರಿ.ಪೂ. 218ರಲ್ಲಿ ರೋಮನ್ ಸೈನ್ಯ ಇಂದಿನ ಸ್ಪೇನ್‌ಗೆ ಕಾಲಿಟ್ಟಿತು. ಸೈನಿಕರು, ವ್ಯಾಪಾರಿಗಳು ಆಡುತ್ತಿದ್ದ ಲ್ಯಾಟಿನ್ ಅಲ್ಲಿ ಬೇರೂರಿ, ಒಂದೊಂದು ಸೀಮೆಯಲ್ಲಿ ಒಂದೊಂದು ಬಗೆಯಾಯಿತು. 711ರಲ್ಲಿ ಉತ್ತರ ಆಫ್ರಿಕಾದಿಂದ ಮುಸ್ಲಿಂ ಸೇನೆ ಬಂದ ಮೇಲೆ ಅರಬ್ಬಿ ಪದಗಳು ಸಾವಿರಗಟ್ಟಲೆ ಸೇರಿದವು. ಸಕ್ಕರೆಗೆ ಸ್ಪ್ಯಾನಿಷ್‌ನಲ್ಲಿ ‘ಅಸೂಕರ್’ ಎನ್ನುತ್ತಾರೆ. ಸಂಸ್ಕೃತದ ‘ಶರ್ಕರಾ’ ಪರ್ಷಿಯನ್, ಅರಬ್ಬಿ ದಾಟಿ ಅಲ್ಲಿಗೆ ತಲುಪಿದ ಬಗೆ ಅದು. ಉತ್ತರದ ಕಾಸ್ತಿಲ್ ಎಂಬ ರಾಜ್ಯ ಬೆಳೆದಂತೆ ಅಲ್ಲಿಯ ಆಡುಮಾತೂ ಬೆಳೆಯಿತು. 13ನೇ ಶತಮಾನದಲ್ಲಿ ಅಲ್ಲಿನ ದೊರೆ ಹತ್ತನೆಯ ಅಲ್ಫೊನ್ಸೊ ಕಾನೂನು, ಚರಿತ್ರೆ, ಖಗೋಳದ ಗ್ರಂಥಗಳನ್ನು ಲ್ಯಾಟಿನ್ ಬಿಟ್ಟು ಈ ಜನರ ಮಾತಿನಲ್ಲೇ ಬರೆಸಿದ.

ಆಮೇಲೆ ಬಂತು 1492. ಆ ಒಂದೇ ವರ್ಷದಲ್ಲಿ ಕೊನೆಯ ಮುಸ್ಲಿಂ ರಾಜ್ಯ ಗ್ರನಾಡಾ ಬಿತ್ತು. ಕೊಲಂಬಸ್ ಪಶ್ಚಿಮಕ್ಕೆ ಹಡಗು ಬಿಟ್ಟ. ಆಂಟೊನಿಯೊ ದೆ ನೆಬ್ರಿಹಾ ಎಂಬ ವಿದ್ವಾಂಸ ಕಾಸ್ತಿಲ್ ಭಾಷೆಯ ಮೊದಲ ವ್ಯಾಕರಣ ಪ್ರಕಟಿಸಿ ರಾಣಿ ಇಸಬೆಲ್‌ಗೆ ಅರ್ಪಿಸಿದ. ಮತಾಂತರವಾಗಲು ಒಪ್ಪದ ಯಹೂದಿಗಳೆಲ್ಲ ದೇಶ ಬಿಡಬೇಕೆಂದು ರಾಜಾಜ್ಞೆಯಾದದ್ದೂ ಅದೇ ವರ್ಷ. ಅವರಿಗೆ ಸಿಕ್ಕಿದ್ದು ನಾಲ್ಕು ತಿಂಗಳ ಗಡುವು.

ಹೀಗೆ ಸ್ಪ್ಯಾನಿಷ್ ಎರಡು ದಾರಿಯಲ್ಲಿ ಊರು ಬಿಟ್ಟಿತು. ಒಂದು ದಾರಿಯಲ್ಲಿ ಅದರ ಜತೆ ಸೈನ್ಯ, ಚರ್ಚು, ಕಚೇರಿಗಳಿದ್ದವು. ಅದು ಅಮೆರಿಕ ಖಂಡವನ್ನು ಹರಡಿಕೊಂಡಿತು. ಅಲ್ಲಿನ ಎಷ್ಟೋ ಭಾಷೆಗಳನ್ನು ಮೂಲೆಗೊತ್ತಿ, ಅವುಗಳಿಂದಲೇ ಟೊಮ್ಯಾಟೊ, ಚಾಕೊಲೇಟ್‌ನಂಥ ಪದಗಳನ್ನು ಪಡೆಯಿತು. ಇಂದು ಸುಮಾರು 20 ದೇಶಗಳ ಅಧಿಕೃತ ಭಾಷೆ ಅದು.

ಇನ್ನೊಂದು ದಾರಿಯಲ್ಲಿ ಹೊರಟವರ ಕೈಯಲ್ಲಿ ಗಂಟುಮೂಟೆ ಬಿಟ್ಟರೆ ಏನೂ ಇರಲಿಲ್ಲ. ಆಟೊಮನ್ ಸುಲ್ತಾನ ಎರಡನೆಯ ಬಾಯಜಿದ್ ಆಶ್ರಯ ಕೊಟ್ಟ. ಇಸ್ತಾಂಬುಲ್, ಇಜ್ಮಿರ್, ಈಗ ಗ್ರೀಸ್‌ನಲ್ಲಿರುವ ಸಲೋನಿಕಾದಲ್ಲಿ ಆ ಯಹೂದಿಗಳು ನೆಲೆನಿಂತರು. ಸುತ್ತ ತುರ್ಕಿ, ಗ್ರೀಕ್. ಮನೆಯೊಳಗೆ ಮಾತ್ರ ಬಿಟ್ಟುಬಂದ ಊರಿನ ಸ್ಪ್ಯಾನಿಷ್. ಅದಕ್ಕೆ ಲದೀನೊ ಎಂಬ ಹೆಸರಿದೆ.

ಸ್ವಾರಸ್ಯ ಇರುವುದು ಇಲ್ಲಿ. ಮುಂದಿನ ಎರಡು ಶತಮಾನಗಳಲ್ಲಿ ಸ್ಪೇನ್‌ನ ಉಚ್ಚಾರಣೆಯೇ ಬದಲಾಯಿತು. ಹಕ್ಕಿಗೆ ಮೊದಲು ‘ಪಾಶರೊ’ ಎನ್ನುತ್ತಿದ್ದರು, ಈಗ ‘ಪಾಹರೊ’. ಊರು ಬಿಟ್ಟವರಿಗೆ ಈ ಬದಲಾವಣೆ ತಲುಪಲಿಲ್ಲ, ಅವರ ಹಕ್ಕಿ ‘ಪಾಶರೊ’ ಆಗಿಯೇ ಉಳಿಯಿತು. ಸಲೋನಿಕಾದವರ ಬಾಯಲ್ಲಿ ಕೆಲವು ಪದಗಳ ಹಳೆಯ ‘ಫ’ ಕೂಡ ಉಳಿದಿತ್ತು. ಹಾಗೆಂದು ಅದು ಉಪ್ಪಿನಕಾಯಿ ಹಾಕಿಟ್ಟ ಭಾಷೆಯೇನಲ್ಲ. ಭಾನುವಾರಕ್ಕೆ ಸ್ಪ್ಯಾನಿಷ್‌ನ ‘ದೊಮಿಂಗೊ’ ಕ್ರೈಸ್ತರ ಪ್ರಭುವಿನ ದಿನವೆಂದು ಅದನ್ನು ಬಿಟ್ಟು, ಅರಬ್ಬಿ ಮೂಲದ ‘ಅಲ್ಹಾದ್’ ಎಂದರು. ತುರ್ಕಿಯಿಂದ ಬೇಕಾದಷ್ಟು ಪದ ತೆಗೆದುಕೊಂಡರು. ಮಂಗಳೂರಿನಲ್ಲಿ ಕೊಂಕಣಿಯನ್ನು ಕನ್ನಡ ಲಿಪಿಯಲ್ಲಿ ಬರೆದಂತೆ ಇವರು ತಮ್ಮ ಸ್ಪ್ಯಾನಿಷನ್ನು ಹೀಬ್ರೂ ಲಿಪಿಯಲ್ಲಿ ಬರೆದರು. ಧರ್ಮಗ್ರಂಥಗಳ ವ್ಯಾಖ್ಯಾನ, ಆಮೇಲೆ ಪತ್ರಿಕೆ, ಕಾದಂಬರಿ, ನಾಟಕ ಎಲ್ಲವೂ ಅದರಲ್ಲಿ ಬಂದವು.

ಯಾವ ಸರ್ಕಾರದ ಬೆಂಬಲವೂ ಇಲ್ಲದೆ ನಾಲ್ಕು ಶತಮಾನ ಬಾಳಿದ ಮಾತು ಸೊರಗಿದ್ದು ಹೇಗೆ? 1860ರಲ್ಲಿ ಪ್ಯಾರಿಸ್‌ನಲ್ಲಿ ಹುಟ್ಟಿದ ಯಹೂದಿ ಸಂಸ್ಥೆಯೊಂದು ಈ ಊರುಗಳಲ್ಲಿ ಫ್ರೆಂಚ್ ಶಾಲೆಗಳನ್ನು ತೆರೆಯಿತು. ಅದರ ಉದ್ದೇಶ ಒಳ್ಳೆಯದೇ, ಮಕ್ಕಳಿಗೆ ವಿದ್ಯೆ, ಉದ್ಯೋಗ ಸಿಗಲಿ ಎಂದು. ಆದರೆ ಫ್ರೆಂಚ್ ಓದುಬಲ್ಲವರ ಭಾಷೆಯಾಯಿತು, ಲದೀನೊ ಅಡುಗೆಮನೆಯ ಮಾತಾಯಿತು. ನಂತರ ತುರ್ಕಿ ಗಣರಾಜ್ಯದಲ್ಲಿ ತುರ್ಕಿ ಭಾಷೆ ಕಡ್ಡಾಯವಾಯಿತು. 1943ರಲ್ಲಂತೂ ನಾಜಿಗಳು ಸಲೋನಿಕಾದ 40 ಸಾವಿರಕ್ಕೂ ಹೆಚ್ಚು ಯಹೂದಿಗಳನ್ನು ಆಶ್‌ವಿಟ್ಜ್‌ಗೆ ಸಾಗಿಸಿದರು. ಬಹುತೇಕ ಯಾರೂ ಮರಳಲಿಲ್ಲ. ಒಂದು ಇಡೀ ಊರಿನ ಮಾತು ಹೀಗೆ ಅಳಿಯಿತು.

1981ರಲ್ಲಿ ಸಾಹಿತ್ಯದ ನೊಬೆಲ್ ಪಡೆದ ಎಲಿಯಾಸ್ ಕನೆಟ್ಟಿ ಬಲ್ಗೇರಿಯಾದ ಇಂಥದೇ ಮನೆಯಲ್ಲಿ ಹುಟ್ಟಿದವರು. ಅವರ ಮೊದಲ ಮಾತು ಲದೀನೊ, ಪುಸ್ತಕ ಬರೆದದ್ದು ಜರ್ಮನ್‌ನಲ್ಲಿ. ಹೊರಹಾಕಿದವರ ಸಂತತಿಗೆ ಪೌರತ್ವ ಕೊಡುವ ಕಾನೂನನ್ನು ಸ್ಪೇನ್ ಮಾಡಿದ್ದು 2015ರಲ್ಲಿ. ಅಷ್ಟರಲ್ಲಿ ಲದೀನೊ ಆಡುವವರು ಹೆಚ್ಚಾಗಿ ವಯಸ್ಸಾದವರಷ್ಟೇ ಉಳಿದಿದ್ದರು.

ಅವರು ದಬ್ಬಿಸಿಕೊಂಡು ಹೊರಟವರು, ನಾವು ಆಫರ್ ಲೆಟರ್ ಹಿಡಿದು ಬಂದವರು. ಅವರ ಸಂಕಟದ ಜತೆ ನಮ್ಮದನ್ನು ಹೋಲಿಸುವುದು ತಪ್ಪು. ಆದರೂ ಆ ಫ್ರೆಂಚ್ ಶಾಲೆಗಳ ಭಾಗ ನನ್ನನ್ನು ಕಾಡುತ್ತದೆ. ಕೊಯಮತ್ತೂರು, ಸೇಲಂ ಕಡೆಯ ನೇಕಾರರ ಎಷ್ಟೋ ಮನೆಗಳಲ್ಲಿ ತಲೆಮಾರುಗಳಿಂದ ಕನ್ನಡ ಮಾತು ಉಳಿದಿದೆ, ಓದುಬರಹ ತಮಿಳಿನದು. ನನ್ನ ಮನೆಯಲ್ಲಿ ಮಾತೂ ಜಾರುತ್ತಿದೆ. ಎಂಟು ವರ್ಷದ ಮಗಳಿಗೆ ಕನ್ನಡ ಅರ್ಥವಾಗುತ್ತದೆ, ಉತ್ತರ ಇಂಗ್ಲಿಷ್‌ನಲ್ಲಿ. ಶಿವಮೊಗ್ಗದಿಂದ ಅಜ್ಜಿ ಕಳಿಸುವ ವಾಟ್ಸ್‌ಆ್ಯಪ್ ಸಂದೇಶವನ್ನು ನಾನೇ ಓದಿ ಹೇಳಬೇಕು.

ಹಾಗಾಗಿ ಒಂದು ಒಪ್ಪಂದ ಮಾಡಿಕೊಂಡಿದ್ದೇವೆ. ಪ್ರತಿ ಭಾನುವಾರ ಅಜ್ಜಿಗೆ ಒಂದು ಸಾಲು, ಕನ್ನಡದಲ್ಲಿ, ಅವಳೇ ಬರೆಯಬೇಕು. ಮೊದಲ ವಾರ ಅರ್ಧ ಗಂಟೆ ತಿಣುಕಿ ಬರೆದಳು: ‘ಅಜ್ಜಿ, ನಾನು ಪಾಲು ಕುಡಿದೆ.’

ತಿದ್ದಲು ಹೊರಟವನು ಸುಮ್ಮನಾದೆ. ಅಮ್ಮನಿಂದ ಕೂಡಲೇ ಉತ್ತರ ಬಂತು: ‘ಕುಡಿ ಕಂದಾ. ಪಂಪನ ಕಾಲದ ಕನ್ನಡ ನಿಂದು!’