ನಿಮಗಿದು ಗೊತ್ತೇ? ಮಕ್ಕಳೇ ಉಳಿಸಿಕೊಂಡ ಬ್ಯಾಲೆ

ಡಿಸೆಂಬರ್ ಬಂತೆಂದರೆ ಅಮೆರಿಕದ ಮಹಾನಗರಗಳಲ್ಲಷ್ಟೇ ಅಲ್ಲ, ಸಣ್ಣ ಊರುಗಳ ಸಭಾಂಗಣಗಳಲ್ಲೂ ಒಂದೇ ಕಥೆ ರಂಗಕ್ಕೇರುತ್ತದೆ. ಕ್ರಿಸ್‌ಮಸ್ ಹಿಂದಿನ ಸಂಜೆ ಕ್ಲಾರಾ ಎಂಬ ಹುಡುಗಿಗೆ ಅಕ್ರೋಟು ಒಡೆಯುವ ಮರದ ಗೊಂಬೆಯೊಂದು ಉಡುಗೊರೆ ಬರುತ್ತದೆ. ನಡುರಾತ್ರಿ ಗೊಂಬೆಗೆ ಜೀವ ಬಂದು, ಇಲಿಗಳ ರಾಜನ ಮೇಲೆ ಯುದ್ಧ ಹೂಡುತ್ತದೆ. ಕ್ಲಾರಾ ತನ್ನ ಕಾಲಿನ ಚಪ್ಪಲಿ ಬೀಸಿ ಗೊಂಬೆಯನ್ನು ಕಾಪಾಡುತ್ತಾಳೆ. ಗೊಂಬೆ ರಾಜಕುಮಾರನಾಗಿ ಅವಳನ್ನು ಹಿಮದ ಕಾಡು ದಾಟಿಸಿ ಮಿಠಾಯಿ ನಾಡಿಗೆ ಕರೆದೊಯ್ಯುತ್ತಾನೆ. ಇದೇ ‘ನಟ್‌ಕ್ರ್ಯಾಕರ್’.

● ಮೊದಲ ಪ್ರದರ್ಶನ 1892ರ ಡಿಸೆಂಬರ್ 18ರಂದು, ಸೇಂಟ್ ಪೀಟರ್ಸ್‌ಬರ್ಗಿನ ಮರಿಯಿನ್‌ಸ್ಕಿ ರಂಗಮಂದಿರದಲ್ಲಿ. ಸಂಗೀತ ಚೈಕೋವ್‌ಸ್ಕಿಯದು. ಅವರದೇ ‘ಯೊಲಾಂತಾ’ ಒಪೆರಾ ಕೂಡ ಅದೇ ಸಂಜೆ ಮೊದಲ ಬಾರಿಗೆ ರಂಗ ಕಂಡಿತು.

● ವಿಮರ್ಶಕರಿಗೆ ಬ್ಯಾಲೆ ಹಿಡಿಸಲಿಲ್ಲ. ಅವರ ಆಕ್ಷೇಪ ಏನು ಗೊತ್ತೇ? ರಂಗದ ತುಂಬ ಮಕ್ಕಳು. ಮುಖ್ಯ ನರ್ತಕಿ ಕಾಣಿಸಿಕೊಳ್ಳುವ ಹೊತ್ತಿಗೆ ಆಟ ಮುಗಿಯುತ್ತ ಬಂದಿರುತ್ತದೆ! ಕ್ಲಾರಾ ಪಾತ್ರ ಮಾಡಿದ್ದ ಸ್ತಾನಿಸ್ಲಾವಾ ಬೆಲಿನ್‌ಸ್ಕಾಯಾ ಆಗಿನ್ನೂ ಬ್ಯಾಲೆ ಶಾಲೆಯ ವಿದ್ಯಾರ್ಥಿನಿ. ಇಂದು ಈ ಬ್ಯಾಲೆ ಊರೂರಲ್ಲಿ ಬದುಕಿದ್ದರೆ ಅದಕ್ಕೆ ದೊಡ್ಡ ಕಾರಣ ಅವತ್ತು ಬೈಸಿಕೊಂಡ ಆ ಮಕ್ಕಳೇ ಎಂದು ನಾನು ನಂಬುತ್ತೇನೆ. ಮುಂದೆ ಓದಿ, ನಿಮಗೂ ಹಾಗೇ ಅನ್ನಿಸಬಹುದು.

● ಮೂಲ ಕಥೆ ಜರ್ಮನಿಯ ಇ. ಟಿ. ಎ. ಹಾಫ್‌ಮನ್ 1816ರಲ್ಲಿ ಬರೆದದ್ದು. ಅದರಲ್ಲಿ ಹುಡುಗಿಯ ಹೆಸರು ಮರೀ; ಕ್ಲಾರಾ ಅಂದರೆ ಅವಳ ಗೊಂಬೆ! ಇಲಿರಾಜನಿಗೆ ಅಲ್ಲಿ ಏಳು ತಲೆ. ಕಥೆಯ ಕತ್ತಲನ್ನು ತಿಳಿಗೊಳಿಸಿ 1844ರಲ್ಲಿ ಫ್ರೆಂಚಿನಲ್ಲಿ ಮತ್ತೆ ಹೇಳಿದವರು ‘ತ್ರೀ ಮಸ್ಕಿಟಿಯರ್ಸ್’ ಬರೆದ ಅಲೆಕ್ಸಾಂಡರ್ ಡ್ಯೂಮಾ. ಬ್ಯಾಲೆ ಹುಟ್ಟಿದ್ದು ಡ್ಯೂಮಾ ಹೇಳಿದ ಕಥೆಯಿಂದ.

● ಚೈಕೋವ್‌ಸ್ಕಿಗೆ ಈ ಕೆಲಸದ ಮೇಲೆ ಮೊದಮೊದಲು ಮನಸ್ಸಿರಲಿಲ್ಲ. 1891ರ ವಸಂತದಲ್ಲಿ ನ್ಯೂಯಾರ್ಕಿನ ಕಾರ್ನೆಗಿ ಹಾಲ್ ಉದ್ಘಾಟನೆಗೆ ಹೊರಟಿದ್ದವರು ದಾರಿಯಲ್ಲಿ ಫ್ರಾನ್ಸಿನಿಂದಲೇ ಪತ್ರ ಬರೆದು, ಗಡುವು ಮುಂದೂಡಿ ಎಂದು ಬೇಡಿಕೊಂಡರು. ಅದೇ ದಿನಗಳಲ್ಲಿ ಪ್ಯಾರಿಸ್ಸಿನಲ್ಲಿ ಪತ್ರಿಕೆ ಬಿಡಿಸಿದಾಗ ಅಕ್ಕರೆಯ ತಂಗಿ ಸಾಶಾ ತೀರಿಕೊಂಡ ಸುದ್ದಿ ಕಣ್ಣಿಗೆ ಬಿತ್ತು. ಸಾಗರ ದಾಟಿ ಹೋಗಿ, ವಾದ್ಯವೃಂದ ನಡೆಸಿ, ಮರಳಿ ಬಂದು ಈ ಸಂಗೀತ ಮುಗಿಸಿದರು. ಕೊನೆಯ ಭಾಗದಲ್ಲಿ ಮಿಠಾಯಿ ನಾಡಿನ ರಾಣಿ ‘ಶುಗರ್ ಪ್ಲಮ್ ಫೇರಿ’ ಮತ್ತು ಅವಳ ಜೊತೆಗಾರ ಸೇರಿ ಆಡುವ ನೃತ್ಯವಿದೆ. ಅದರ ರಾಗ ಕೇಳಿ ನೋಡಿ. ಮೇಲಿನ ಷಡ್ಜದಿಂದ ಕೆಳಗಿನ ಷಡ್ಜಕ್ಕೆ ಒಂದೊಂದೇ ಮೆಟ್ಟಿಲು ಇಳಿಯುವ ಸ್ವರಗಳು, ಅಷ್ಟೇ. ಕರ್ನಾಟಕ ಸಂಗೀತ ಕಲಿತವರಿಗೆ ಅದು ಶಂಕರಾಭರಣದ ಅವರೋಹಣದಂತೆಯೇ ಕೇಳಿಸೀತು. ಅಷ್ಟು ಸರಳವಾದ ಇಳಿಕೆಯಿಂದ ಅಷ್ಟು ದೊಡ್ಡ ದುಃಖವನ್ನು ತೆಗೆದವರು ವಿರಳ. ಹಬ್ಬದ ಬ್ಯಾಲೆಯೊಳಗೆ ಆ ದುಃಖ ಎಲ್ಲಿಂದ ಬಂತೆಂದು ಹಲವರು ಕೇಳಿದ್ದಾರೆ. ನನಗೆ ಸಾಶಾಳ ನೆನಪಾಗುತ್ತದೆ.

● ಆ ಪ್ರವಾಸದಲ್ಲೇ ಪ್ಯಾರಿಸ್ಸಿನಲ್ಲಿ ಅವರ ಕಿವಿಗೆ ಬಿದ್ದದ್ದು ಸೆಲೆಸ್ಟಾ. ಒಗ್ಯೂಸ್ತ್ ಮುಸ್ತೆಲ್ 1886ರಲ್ಲಿ ಪೇಟೆಂಟ್ ಪಡೆದಿದ್ದ ಹೊಸ ವಾದ್ಯ. ನೋಡಲು ಚಿಕ್ಕ ಪಿಯಾನೊ. ಒಳಗೆ ತಂತಿಯ ಬದಲು ಉಕ್ಕಿನ ಪಟ್ಟಿಗಳು. ಅದರ ನಾದಕ್ಕೆ ಮರುಳಾದ ಚೈಕೋವ್‌ಸ್ಕಿ ತಮ್ಮ ಪ್ರಕಾಶಕ ಯುರ್ಗೆನ್‌ಸನ್ನರಿಗೆ ಬರೆದರು: ಒಂದನ್ನು ತರಿಸಿ, ಆದರೆ ಯಾರಿಗೂ ತೋರಿಸಬೇಡಿ. ರಿಮ್‌ಸ್ಕಿ-ಕೊರ್ಸಕೊವ್ ಮತ್ತು ಗ್ಲಾಜುನೊವ್ ಇದರ ಸುಳಿವು ಹಿಡಿದು ತಮಗಿಂತ ಮೊದಲೇ ಬಳಸಿಬಿಟ್ಟಾರೆಂಬ ಆತಂಕ ಅವರಿಗೆ! ಇತ್ತ ನೃತ್ಯ ಸಂಯೋಜಕ ಮರಿಯಸ್ ಪೆಟಿಪಾ, ರಾಣಿಯ ನೃತ್ಯದಲ್ಲಿ ಕಾರಂಜಿಯ ಹನಿ ಉದುರುವ ಸದ್ದು ಕೇಳಬೇಕು ಎಂದು ಕೋರಿದ್ದರು. ಸೆಲೆಸ್ಟಾ ಆ ಕೋರಿಕೆಗೆ ಹೇಳಿಮಾಡಿಸಿದಂತಿತ್ತು.

● ಯಾವ ನೃತ್ಯಕ್ಕೆ ಎಷ್ಟು ತಾಳ, ಎಂಥ ಲಯ ಎಂದು ಸಂಗೀತಗಾರನಿಗೆ ಬರೆದುಕೊಟ್ಟವರು ಪೆಟಿಪಾ. ಆದರೆ ಅವರು ಕಾಯಿಲೆ ಬಿದ್ದದ್ದರಿಂದ ನೃತ್ಯ ಕಟ್ಟುವ ಹೊಣೆ ಸಹಾಯಕ ಲೆವ್ ಇವಾನೊವ್ ಹೆಗಲಿಗೆ ಬಂತು.

● ಬ್ಯಾಲೆಗಿಂತ ಅದರ ಸಂಗೀತವೇ ಮೊದಲು ಗೆದ್ದಿತು. ಎಂಟು ಭಾಗಗಳನ್ನು ಆರಿಸಿ ಮಾಡಿದ ಸಂಗೀತಗುಚ್ಛ 1892ರ ಮಾರ್ಚ್‌ನಲ್ಲೇ ಕಛೇರಿಯಲ್ಲಿ ಮೊಳಗಿತ್ತು. ಪೀಠಿಕೆಯ ಸಂಗೀತದಲ್ಲಿ ಚೆಲ್ಲೊ, ಡಬಲ್ ಬಾಸ್‌ಗಳಂಥ ದಪ್ಪ ದನಿಯ ವಾದ್ಯಗಳೇ ಇಲ್ಲ. ಮಕ್ಕಳ ಲೋಕದ ಹಗುರ ಬಂದದ್ದು ಹೀಗೆ.

● ‘ಅರಬ್ ನೃತ್ಯ’ ಎಂದು ಹೆಸರಾದ ರಾಗ ಅರೇಬಿಯದ್ದಲ್ಲ, ಜಾರ್ಜಿಯಾ ದೇಶದ ಲಾಲಿಹಾಡಿನದು.

● ಮೊದಲ ಅಂಕದ ಕೊನೆಯಲ್ಲಿ ಹಿಮ ಬೀಳುವಾಗ ವಾದ್ಯಗಳ ನಡುವಿನಿಂದ ಎಳೆಯ ದನಿಗಳ ಗುಂಪು ಹಾಡುತ್ತದೆ. ಪದಗಳಿಲ್ಲ, ಬರೀ ಆಲಾಪ.

● ಚೈಕೋವ್‌ಸ್ಕಿ 1893ರ ನವೆಂಬರ್‌ನಲ್ಲಿ ತೀರಿಕೊಂಡರು. ಈ ಬ್ಯಾಲೆಯ ಗೆಲುವನ್ನು ಅವರು ನೋಡಲೇ ಇಲ್ಲ.

● ಕ್ರಾಂತಿಯ ನಂತರ ರಷ್ಯಾ ಬಿಟ್ಟ ನಿಕೊಲಾಯ್ ಸೆರ್ಗೆಯೆವ್ ತಮ್ಮೊಂದಿಗೆ ಮರಿಯಿನ್‌ಸ್ಕಿಯ ಬ್ಯಾಲೆಗಳ ಹೆಜ್ಜೆ ಗುರುತಿಸಿದ ಕಡತಗಳನ್ನು ಒಯ್ದರು. ಅವನ್ನು ಆಧರಿಸಿ 1934ರಲ್ಲಿ ಲಂಡನ್ನಿನ ಸ್ಯಾಡ್ಲರ್ಸ್ ವೆಲ್ಸ್‌ನಲ್ಲಿ ಇಡೀ ಬ್ಯಾಲೆ ರಷ್ಯಾದ ಹೊರಗೆ ಮೊದಲ ಬಾರಿಗೆ ನಡೆಯಿತು. ಆ ಕಡತಗಳು ಈಗ ಹಾರ್ವರ್ಡ್ ವಿಶ್ವವಿದ್ಯಾಲಯದಲ್ಲಿವೆ.

● ವಾಲ್ಟ್ ಡಿಸ್ನಿಯ 1940ರ ‘ಫ್ಯಾಂಟೇಸಿಯಾ’ ಚಿತ್ರದಲ್ಲಿ ಈ ಸಂಗೀತಕ್ಕೆ ಅಣಬೆಗಳು, ಮೀನುಗಳು, ಹೂಗಳು ಕುಣಿಯುತ್ತವೆ. ಗೊಂಬೆಯೂ ಇಲ್ಲ, ಕ್ಲಾರಾಳೂ ಇಲ್ಲ.

● ಅಮೆರಿಕದಲ್ಲಿ ಇಡೀ ಬ್ಯಾಲೆ ಮೊದಲು ನಡೆದದ್ದು 1944ರ ಡಿಸೆಂಬರ್ 24ರಂದು, ಯುದ್ಧದ ನಡುವೆ, ಸ್ಯಾನ್ ಫ್ರಾನ್ಸಿಸ್ಕೊದಲ್ಲಿ. ಕಟ್ಟಿದ ವಿಲಮ್ ಕ್ರಿಸ್ಟೆನ್ಸನ್ ಅದನ್ನು ಪೂರ್ತಿಯಾಗಿ ನೋಡಿಯೇ ಇರಲಿಲ್ಲ! ಊರಿಗೆ ಬಂದಿದ್ದ ಜಾರ್ಜ್ ಬ್ಯಾಲಂಚಿನ್ ಮತ್ತು ಅಲೆಕ್ಸಾಂಡ್ರಾ ಡ್ಯಾನಿಲೊವಾ ತಮ್ಮ ಬಾಲ್ಯದ ಪ್ರದರ್ಶನಗಳನ್ನು ನೆನೆದು ಅವರಿಗೆ ಹೇಳಿಕೊಟ್ಟರು.

● ಆ ಬ್ಯಾಲಂಚಿನ್ ಮರಿಯಿನ್‌ಸ್ಕಿಯಲ್ಲಿ ಹುಡುಗನಾಗಿ ಇದೇ ಬ್ಯಾಲೆಯಲ್ಲಿ ಕುಣಿದವರು. ನ್ಯೂಯಾರ್ಕ್ ಸಿಟಿ ಬ್ಯಾಲೆಗಾಗಿ ಅವರು ಕಟ್ಟಿದ ನಟ್‌ಕ್ರ್ಯಾಕರ್ ಇವತ್ತಿನ ಸಂಪ್ರದಾಯಕ್ಕೆ ಬುನಾದಿ. ಅದು ಶುರುವಾದದ್ದು ಡಿಸೆಂಬರಿನಲ್ಲಲ್ಲ, 1954ರ ಫೆಬ್ರವರಿ 2ರಂದು! ರಾಣಿಯಾಗಿ ಕುಣಿದವರು ಮೂಲನಿವಾಸಿ ಒಸೇಜ್ ಜನಾಂಗದ ಮರಿಯಾ ಟಾಲ್‌ಚೀಫ್. ರಂಗದ ಮೇಲೆ ಬೆಳೆಯುತ್ತ ಹೋಗುವ ಕ್ರಿಸ್‌ಮಸ್ ಮರಕ್ಕೆ ಖರ್ಚು ವಿಪರೀತವಾದಾಗ, ಮರ ಇಲ್ಲದೆ ನಡೆಯದೇ ಎಂದು ಕೇಳಿದವರಿಗೆ ಬ್ಯಾಲಂಚಿನ್, ಮರವೇ ಈ ಬ್ಯಾಲೆ ಅಂದರು. ಈಗಿನ ಮರ ಸುಮಾರು 40 ಅಡಿಗೆ ಏರುತ್ತದೆ. ಪುಟ್ಟ ಹುಡುಗಿಯ ಕಣ್ಣಿಗೆ ಆ ರಾತ್ರಿ ಮನೆ ಹೇಗೆ ಕಂಡಿರಬೇಕೆಂದು ಬಲ್ಲವರು ಮಾತ್ರ ಹಾಗೆ ಹಟ ಹಿಡಿದಾರು. ಮಕ್ಕಳ ಪಾತ್ರಗಳನ್ನು ಮಕ್ಕಳಿಗೇ ಕೊಟ್ಟರು ಅವರು. ಇಂದಿಗೂ ಅಲ್ಲಿ ಒಂದೊಂದು ಆಟಕ್ಕೆ 60ಕ್ಕೂ ಹೆಚ್ಚು ಮಕ್ಕಳು ಬೇಕು. 1958ರ ಕ್ರಿಸ್‌ಮಸ್ ರಾತ್ರಿ ಸಿಬಿಎಸ್ ಟಿವಿಯಲ್ಲಿ ಇದು ಪ್ರಸಾರವಾದಾಗ, ಗೊಂಬೆ ತಂದುಕೊಡುವ ಡ್ರೊಸೆಲ್‌ಮಯರ್ ಪಾತ್ರದಲ್ಲಿ ಸ್ವತಃ ಬ್ಯಾಲಂಚಿನ್ ಇದ್ದರು.

● ಊರಿನ ಬ್ಯಾಲೆ ಶಾಲೆಗಳಿಗೆ ಇದಕ್ಕಿಂತ ಒಗ್ಗುವ ಆಟ ಇನ್ನೊಂದಿಲ್ಲ. ಕಾಲು ತಿರುಗಿಸಲು ಈಗಷ್ಟೇ ಕಲಿತವರಿಗೆ ಇಲಿಮರಿಯ ಪಾತ್ರ, ಮುಂದಿನ ವರ್ಷ ಸೈನಿಕ, ಆಮೇಲೆ ಹಿಮದ ಹಳಕು. ಮಗು ರಂಗದ ಮೇಲಿದ್ದರೆ ಅಜ್ಜ ಅಜ್ಜಿ ಟಿಕೆಟ್ ಕೊಳ್ಳದೆ ಇರುತ್ತಾರೆಯೇ? ಅಮೆರಿಕದ ಎಷ್ಟೋ ತಂಡಗಳ ವರ್ಷದ ಟಿಕೆಟ್ ಆದಾಯದಲ್ಲಿ ದೊಡ್ಡ ಪಾಲು ಈ ಒಂದೇ ಬ್ಯಾಲೆಯದು. ಉಳಿದ ಹನ್ನೊಂದು ತಿಂಗಳ ಪ್ರಯೋಗಗಳಿಗೆ ಅದೇ ಆಸರೆ.

● 1960ರಲ್ಲಿ ಡ್ಯೂಕ್ ಎಲಿಂಗ್‌ಟನ್ ಮತ್ತು ಬಿಲ್ಲಿ ಸ್ಟ್ರೇಹಾರ್ನ್ ಇಡೀ ಸಂಗೀತಗುಚ್ಛವನ್ನು ಜಾಸ್‌ಗೆ ಅಳವಡಿಸಿದರು.

● ರಷ್ಯಾದಲ್ಲಿ ಇದು ಕ್ರಿಸ್‌ಮಸ್‌ಗಿಂತ ಹೊಸ ವರ್ಷದ ಬ್ಯಾಲೆ. ಮಾಸ್ಕೋದ ಬೊಲ್ಶೊಯ್‌ನಲ್ಲಿ ಡಿಸೆಂಬರ್ 31ರ ಆಟಕ್ಕೆ ಟಿಕೆಟ್ ಸಿಗುವುದೇ ಕಷ್ಟ. ಅಲ್ಲಿ ಕ್ಲಾರಾ ಅಲ್ಲ, ಮಾಶಾ ಅಥವಾ ಮರೀ.

● ಚಹಾದ ಹೆಸರಿನ ಚೀನೀ ನೃತ್ಯದಲ್ಲಿ ಚೀನೀಯರನ್ನು ಆಡಿಕೊಳ್ಳುವಂಥ ವೇಷ, ತೋರುಬೆರಳ ಕುಣಿತ ದಶಕಗಳ ಕಾಲ ನಡೆದುಬಂದಿತ್ತು. ನರ್ತಕಿ ಜಾರ್ಜಿನಾ ಪಾಜ್‌ಕೊಗಿನ್ ಮತ್ತು ಫಿಲ್ ಚಾನ್ 2017ರಲ್ಲಿ ಅದರ ವಿರುದ್ಧ ಅಭಿಯಾನ ಶುರುಮಾಡಿದರು. ನ್ಯೂಯಾರ್ಕ್ ಸಿಟಿ ಬ್ಯಾಲೆ ಅದೇ ವರ್ಷ ತಿದ್ದಿಕೊಂಡಿತು. ಬಹಳ ಹಿಂದೆಯೇ ಆಗಬೇಕಿದ್ದ ಕೆಲಸ.

● ಕೋವಿಡ್‌ನಿಂದ 2020ರಲ್ಲಿ ನ್ಯೂಯಾರ್ಕಿನ ಪ್ರದರ್ಶನಗಳು ರದ್ದಾದವು. 2021ರ ತಾಲೀಮು ಶುರುವಾಗುವಾಗ 12 ವರ್ಷದೊಳಗಿನವರಿಗೆ ಇನ್ನೂ ಲಸಿಕೆ ಬಂದಿರಲಿಲ್ಲ. ಹಾಗಾಗಿ ಪುಟಾಣಿಗಳ ಪಾತ್ರಗಳಿಗೆಲ್ಲ ದೊಡ್ಡ ಮಕ್ಕಳನ್ನೇ ಆರಿಸಿ, ಉಡುಪುಗಳನ್ನು ಅವರ ಅಳತೆಗೆ ಹೊಲಿಸಿದರು. ಮಕ್ಕಳಿಲ್ಲದ ನಟ್‌ಕ್ರ್ಯಾಕರ್ ಆಡೋಣ ಎಂಬ ಯೋಚನೆಗೆ ಮಾತ್ರ ಯಾರೂ ಕೈಹಾಕಲಿಲ್ಲ.