ನುಗ್ಗೆ ಗಿಡಕ್ಕೆ ಕಂಬಳಿ ಹುಳ ಬಿದ್ದೈತಾ? ಕೊಡಲಿ ತಗೊಳ್ಳೋ ಮುಂಚೆ ಇದನ್ನ ಕೇಳಿ

ಈ ಸಲದ ಸಂಚಿಕೆ ಹುಟ್ಟಿದ್ದು ಒಂದು ವಾಟ್ಸಾಪ್ ಫೋಟೋದಿಂದ. ಮಸ್ಕಿ ಕಡೆಯ ಹುಡುಗ ಒಬ್ಬ ಕಳಿಸಿದ್ದ. ನುಗ್ಗೆ ಗಿಡದ ಬೊಡ್ಡೆಗೆ ಯಾರೋ ಕಂದು ಬಣ್ಣದ ಕಂಬಳಿ ಹೊದಿಸಿದಂಗೆ ಕಾಣ್ತಿತ್ತು. ಝೂಮ್ ಮಾಡಿದೆ. ಕಂಬಳಿ ಅಲ್ಲ, ಕಂಬಳಿ ಹುಳ. ನೂರಾರು, ಮೈಗೆ ಮೈ ಹಚ್ಚಿಕೊಂಡು ಮಲಗಿದ್ದವು. ಕೆಳಗೆ ಮೆಸೇಜು: "ಅಣ್ಣಾ, ಫೋನ್‌ನ್ಯಾಗ ಹುಡುಕಿದ್ರ ಟೆಂಟ್ ಕ್ಯಾಟರ್‌ಪಿಲ್ಲರ್ ಅಂತ ತೋರಸಾಕತ್ತೈತಿ. ಮನ್ಯಾಗ ಗಿಡಾನ ಕಡಿಯೂಣು ಅಂತಾರ. ಏನ್ ಮಾಡ್ಲಿ?"

ನಾನು ಓದಿದ್ದು ಬಿಕಾಂ. ಡೆಬಿಟ್, ಕ್ರೆಡಿಟ್ ಬಿಟ್ಟರೆ ಹುಳದ ಶಾಸ್ತ್ರ ನನ್ನ ಸಬ್ಜೆಕ್ಟ್ ಅಲ್ಲ. ಆದರೆ ಈ ಹುಳದ ಜೊತೆ ನನ್ನದೊಂದು ಹಳೇ ಲೆಕ್ಕ ಬಾಕಿ ಇದೆ, ಅದಕ್ಕೇ ಕೂತು ಓದಿದೆ, ಬಲ್ಲವರನ್ನ ಕೇಳಿದೆ.

ಮೊದಲು ಆ ಟೆಂಟ್ ಹುಳದ ಗೊಂದಲ ಮುಗಿಸಿಬಿಡೋಣ. ಅದು ಅಮೆರಿಕದ ಹುಳ. ಅಲ್ಲಿ ಚೆರ್ರಿ, ಸೇಬಿನ ಮರಗಳ ಕವಲಿನಲ್ಲಿ ರೇಷ್ಮೆ ನೂಲಿನಿಂದ ಬಿಳಿ ಡೇರೆ ಕಟ್ಟಿಕೊಂಡು ಗುಂಪಾಗಿ ಬದುಕುತ್ತೆ, ಬೆನ್ನ ಮೇಲೆ ಉದ್ದಕ್ಕೆ ಒಂದು ಬಿಳಿ ಗೆರೆ. ಇದು ಸಣ್ಣ ಪ್ರಾಣಿ ಅಂದ್ಕೋಬೇಡಿ. 2001ರಲ್ಲಿ ಕೆಂಟಕಿ ರಾಜ್ಯದಲ್ಲಿ ಸಾವಿರಾರು ಕುದುರೆಗಳ ಗರ್ಭ ಹೋಯಿತು, ಹುಲ್ಲಿನ ಜೊತೆ ಈ ಹುಳ ಹೊಟ್ಟೆಗೆ ಹೋಗಿದ್ದೇ ಕಾರಣ ಅಂತ ಆಮೇಲೆ ಗೊತ್ತಾಯಿತು. ಇದರ ದಾಯಾದಿಯೊಂದು ನಮ್ಮ ದೇಶದಲ್ಲೂ ಇದೆ, ಹಿಮಾಚಲದ ಸೇಬಿನ ತೋಟಗಳಲ್ಲಿ. ಸಿಂಧನೂರಿನ ಬಿಸಿಲಿಗೆ ಅದು ಬಂದಿಲ್ಲ. ಹಂಗಾಗಿ ಫೋನ್ ತೋರಿಸೋ ವಿಡಿಯೋದಲ್ಲಿ "ಚಳಿಗಾಲದಲ್ಲೇ ಕಡ್ಡಿಗೆ ಅಂಟಿದ ಮೊಟ್ಟೆ ಪಟ್ಟಿ ಕತ್ತರಿಸಿ, ಡೇರೆ ಕಿತ್ತು ಹಾಕಿ" ಅಂತ ಹೇಳಿದ್ದನ್ನ ನಂಬಿ ನೀವು ನುಗ್ಗೆ ಗಿಡದಲ್ಲಿ ಡೇರೆ ಹುಡುಕ್ತಾ ನಿಂತರೆ ಏನೂ ಸಿಗಲ್ಲ.

ನಮ್ಮ ಹುಳದ ಹೆಸರು ನುಗ್ಗೆಯ ಕಂಬಳಿ ಹುಳ. ವಿಜ್ಞಾನಿಗಳ ಬಾಯಲ್ಲಿ ಯೂಪ್ಟೆರೋಟ್ ಮಾಲಿಫೆರಾ. ಇದು ಮನೆ ಕಟ್ಟಲ್ಲ, ಗುಂಪು ಕಟ್ಟುತ್ತೆ. ಮಳೆ ಬಿದ್ದ ಮೇಲೆ ಹಳದಿ-ಕಂದು ಬಣ್ಣದ ದೊಡ್ಡ ಪತಂಗ ಬಂದು ಎಲೆ, ಎಳೆ ಕಡ್ಡಿಗಳ ಮೇಲೆ ಗುಂಪಾಗಿ ಮೊಟ್ಟೆ ಇಡುತ್ತೆ. ಮರಿಗಳು ರಾತ್ರಿ ಮೇಲೆ ಹತ್ತಿ ಎಲೆ ತಿಂತಾವೆ, ತೊಗಟೆಯನ್ನೂ ಕೆರೆದು ತಿಂತಾವೆ. ಹಗಲಾದರೆ ಇಳಿದು ಬಂದು ಬೊಡ್ಡೆ ಮೇಲೆ ಒಂದೇ ಕಡೆ ಒತ್ತಾಗಿ ಮಲಗ್ತಾವೆ. ಬೆಳೆದ ಮೇಲೆ ಬುಡದ ಮಣ್ಣು, ಕಸಕಡ್ಡಿ ಸೇರಿ ಕೋಶ ಆಗ್ತಾವೆ. ಹಗಲು ಒಂದೇ ಕಡೆ ಮಲಗೋ ಈ ಅಭ್ಯಾಸವೇ ನಮಗೆ ಸಿಕ್ಕ ದೊಡ್ಡ ಅನುಕೂಲ, ಅದಕ್ಕೆ ಆಮೇಲೆ ಬರ್ತೀನಿ.

ಬಲೆ ಕಟ್ಟೋ ಹುಳ ನಮ್ಮಲ್ಲಿ ಇಲ್ಲವೇ ಇಲ್ಲ ಅಂತಲ್ಲ. ಮಾವಿನ ಗಿಡದಲ್ಲಿ ಎಲೆಗಳೆಲ್ಲ ಒಂದಕ್ಕೊಂದು ಅಂಟಿ ಒಣಗಿದ ಗೊಂಚಲು ನೇತಾಡ್ತಿದ್ದರೆ ಅದು ಎಲೆ ಹೆಣೆಯೋ ಹುಳ. ಗೊಂಚಲನ್ನ ಕೋಲಿಗೆ ಕುಡುಗೋಲು ಕಟ್ಟಿ ಕತ್ತರಿಸಿ ಸುಟ್ಟುಬಿಡಿ. ಲಿಂಗಸುಗೂರು ಕಡೆ ದಾಳಿಂಬೆ ಇರೋರು, ಮನೆಯಲ್ಲಿ ಪೇರಲ ಇರೋರು ಕಾಂಡ ನೋಡಿ. ಕವಲಿನ ಹತ್ತಿರ ರೇಷ್ಮೆ ಎಳೆಗೆ ಹಿಕ್ಕೆ, ಪುಡಿ ಮೆತ್ತಿದ ಪಟ್ಟಿ ಕಂಡರೆ ಅದು ತೊಗಟೆ ತಿನ್ನೋ ಹುಳ. ಪಟ್ಟಿ ಒರೆಸಿದರೆ ಕೆಳಗೆ ತೂತು ಸಿಗುತ್ತೆ. ತಂತಿ ತೂರಿಸಿ ಚುಚ್ಚಿ, ಸೀಮೆಎಣ್ಣೆಯಲ್ಲಿ ಅದ್ದಿದ ಹತ್ತಿ ತುರುಕಿ, ಮೇಲೆ ಹಸಿ ಮಣ್ಣು ಮೆತ್ತಬೇಕು. ಅಷ್ಟೇ. ನಾವು ವಾಪಸ್ ನುಗ್ಗೆಗೆ ಬರೋಣ.

ಹಳೇ ಲೆಕ್ಕ ಅಂದೆನಲ್ಲ. ಸಿಂಧನೂರಿನ ನಮ್ಮ ಮನೆ ಹಿತ್ತಲಲ್ಲಿ ಒಂದು ನುಗ್ಗೆ ಗಿಡ ಇದೆ. ನಾನು ಡಿಗ್ರಿ ಓದುವಾಗ ಒಂದು ಮಳೆಗಾಲ ಇದೇ ಹುಳ ಬಿತ್ತು. ಅವ್ವ ಬಟ್ಟೆ ಒಣಗಿ ಹಾಕೋ ಹಗ್ಗದ ಮೇಲೂ ಹರಿದಾಡ್ತಿದ್ದವು. ನಾನು ಶೂರ, ಕೋಲಿಗೆ ಬಟ್ಟೆ ಸುತ್ತಿ, ಸೀಮೆಎಣ್ಣೆ ಹಾಕಿ, ಪಂಜು ಹಚ್ಚಿ ಬೊಡ್ಡೆಗೆ ಹಿಡಿದೆ. ಹುಳ ಸತ್ತವು. ಪಂಜಿನ ಸಲಹೆ ಹಳೇ ಪುಸ್ತಕಗಳಲ್ಲೂ ಇದೆ, ಸುಳ್ಳಲ್ಲ. ಆದರೆ ಅದನ್ನ ಆಡಿಸಬೇಕು, ಒಂದೇ ಕಡೆ ಹಿಡಿಯಬಾರದು ಅನ್ನೋದು ನನಗೆ ಗೊತ್ತಿರಲಿಲ್ಲ. ನುಗ್ಗೆಯ ತೊಗಟೆ ಮೆತ್ತಗಿರುತ್ತೆ. ಒಂದು ಮಗ್ಗುಲು ಬೆಂದು ಹೋಯಿತು, ಆ ಕಡೆಯ ದೊಡ್ಡ ಟೊಂಗೆ ಮುಂದಿನ ಬೇಸಿಗೆಗೆ ಒಣಗಿ ಬಿತ್ತು. ಅವ್ವ ಇವತ್ತಿಗೂ ಬಂದವರಿಗೆಲ್ಲ ಆ ಕಲೆ ತೋರಿಸಿ "ಇದು ನಮ್ಮ ಮಗ ಮಾಡಿದ್ದು" ಅಂತಾಳೆ. ಪಂಜು ಬೇಡ್ರಿ. ಪಕ್ಕದಲ್ಲಿ ಮೇವಿನ ಬಣವೆ, ಕರೆಂಟ್ ವೈರ್ ಇದ್ದರಂತೂ ಬೇಡವೇ ಬೇಡ.

ಮರುವರ್ಷ ಹುಳ ಮತ್ತೆ ಬಂದಾಗ ನಮ್ಮ ಓಣಿಯ ಕಾಕಾ ಒಬ್ಬರು ಅರ್ಧ ಬಾಟ್ಲಿ ಹಿಡ್ಕೊಂಡು ಬಂದರು. ಹತ್ತಿಗೆ ಹೊಡೆದು ಉಳಿದದ್ದು. "ಒಂದ್ ಮುಚ್ಚಳ ಹಾಕ್ರಿ, ಬೆಳತನಕ ಒಂದ್ ಹುಳ ಉಳಿಯಂಗಿಲ್ಲ" ಅಂದರು. ಪ್ರೀತಿಯಿಂದಲೇ ಹೇಳಿದ್ದು. ಭತ್ತ, ಹತ್ತಿ ಬೆಳೆಯೋ ಊರಲ್ಲಿ ಇಂಥ ಅರ್ಧ ಬಾಟ್ಲಿ ಯಾರ ಮನೆ ಜಂತಿಯಲ್ಲಿ ಇಲ್ಲ ಹೇಳಿ? ನಮ್ಮ ಕಡೆ ಅದಕ್ಕೆ ವಿಷ ಅಂತಲೂ ಅನ್ನಲ್ಲ, "ಎಣ್ಣಿ" ಅಂತೀವಿ. ಆ ಬಾಟ್ಲಿ ಮೇಲೆ ಮೋನೋಕ್ರೋಟೋಫಾಸ್ ಅಂತ ಬರೆದಿತ್ತು. ಅದನ್ನ ತರಕಾರಿಗೆ ಹೊಡೆಯೋ ಹಾಗಿಲ್ಲ ಅಂತ ಸರ್ಕಾರ 2005ರಲ್ಲೇ ಹೇಳಿದೆ. ಇದು ಎಲೆಯ ಮೇಲೆ ಮಾತ್ರ ಕೂರೋ ವಿಷ ಅಲ್ಲ, ಗಿಡದ ಒಳಗೆ ಇಳಿದು ಹರಿದಾಡೋ ವಿಷ. ಸೊಪ್ಪು ಎಷ್ಟು ತೊಳೆದರೂ ಹೋಗಲ್ಲ.

2013ರ ಜುಲೈನಲ್ಲಿ ಬಿಹಾರದ ಸಾರಣ್ ಜಿಲ್ಲೆಯ ಶಾಲೆಯೊಂದರಲ್ಲಿ ಬಿಸಿಯೂಟ ಉಂಡು 23 ಮಕ್ಕಳು ತೀರಿಕೊಂಡರು. ಅಡುಗೆ ಎಣ್ಣೆಯಲ್ಲಿ ಸಿಕ್ಕಿದ್ದು ಇದೇ ಮೋನೋಕ್ರೋಟೋಫಾಸ್. "ಎಣ್ಣಿ" ಅನ್ನೋ ಪದ ಕೇಳಿದಾಗೆಲ್ಲ ನನಗೆ ಅದು ನೆನಪಾಗುತ್ತೆ.

ಈಗ ನಮ್ಮ ಹಿತ್ತಲಿನ ಗಿಡ ನೋಡಿ. ಅದರ ಸೊಪ್ಪು ನಮ್ಮ ಮನೆಗೆ ಮಾತ್ರ ಅಲ್ಲ. ಓಣಿಯ ಬಾಣಂತಿ ಮನೆಯವರು ಬಂದು ಕಿತ್ಕೊಂಡು ಹೋಗ್ತಾರೆ, ಸಾರಿಗೆ ಕಾಯಿ ಬೇಕಂದ್ರೆ ಕೇಳದೆಯೇ ಹರಿದುಕೊಳ್ಳೋ ಹುಡುಗರಿದ್ದಾರೆ. ಸೋಮವಾರ ನಾನು ಹೊಡೆದೆ ಅನ್ನಿ, ಬುಧವಾರ ಯಾರ ಮನೆಯ ರೊಟ್ಟಿ ಜೊತೆ ಆ ಸೊಪ್ಪಿನ ಪಲ್ಯ ಇರುತ್ತೋ ನನಗೆ ಹೆಂಗೆ ಗೊತ್ತಾಗಬೇಕು? ಗಿಡಕ್ಕೆ ಬೋರ್ಡ್ ನೇತು ಹಾಕೋಕೆ ಆಗಲ್ಲವಲ್ಲ. ಕಾಕಾನ ಬಾಟ್ಲಿ ಚಾ ಕುಡಿಸಿ ವಾಪಸ್ ಕಳಿಸಿದೆವು.

ಹಂಗಾದ್ರೆ ಮಾಡೋದೇನು? ಖರ್ಚು ಕೇಳಿದರೆ ನಗ್ತೀರಿ. ಒಂದು ಹಳೇ ಕಸಬರಿಗೆ, ಒಂದು ಬಕೆಟ್, ಒಂದು ಹಿಡಿ ಬಟ್ಟೆ ತೊಳೆಯೋ ಪುಡಿ. ಹಗಲು ಹುಳಗಳು ಬೊಡ್ಡೆ ಮೇಲೆ ಮಲಗಿರ್ತಾವಲ್ಲ, ಆಗ ಹೋಗಿ. ತುಂಬು ತೋಳಿನ ಅಂಗಿ, ಕೈಗೆ ಗವಸು ಅಥವಾ ಪ್ಲಾಸ್ಟಿಕ್ ಚೀಲ, ಮುಖಕ್ಕೆ ಟವೆಲ್, ಕಣ್ಣಿಗೆ ಬೈಕ್ ಓಡಿಸೋ ಕನ್ನಡಕ. ಗಾಳಿ ನಿಮ್ಮ ಬೆನ್ನ ಹಿಂದಿನಿಂದ ಬೀಸೋ ಹಾಗೆ ನಿಲ್ಲಿ. ಸಾಬೂನು ನೀರಿನ ಬಕೆಟ್ ಕೆಳಗಿಟ್ಟು ಕಸಬರಿಗೆಯಿಂದ ಮೇಲಿನಿಂದ ಕೆಳಗೆ ಗೂಡಿಸಿ ಬೀಳಿಸಿ. ಮುಳುಗಿ ಸಾಯ್ತಾವೆ. ಆಮೇಲೆ ಗುಂಡಿ ತೋಡಿ ಹೂಳಿ. ಸತ್ತ ಹುಳದ ಕೂದಲೂ ಕಡಿತ ಹುಟ್ಟಿಸುತ್ತೆ, ಬರಿಗೈಯಲ್ಲಿ ಮುಟ್ಟಬೇಡಿ. ಒಂದೇ ದಿನಕ್ಕೆ ಮುಗಿಯಲ್ಲ, ಮೇಲೆ ಉಳಿದವು ಮರುದಿನ ಮತ್ತೆ ಇಳಿದು ಬರ್ತಾವೆ. ಮೂರು ನಾಲ್ಕು ದಿನ ಹಿಡೀರಿ.

ಗಿಡ ಎತ್ತರ ಇದೆ, ಕೈಗೆ ಸಿಗಲ್ಲ ಅಂದ್ರೆ ಮೀನೆಣ್ಣೆ ರಾಳದ ಸಾಬೂನು ಅಂತ ಸಿಗುತ್ತೆ, ಲೀಟರ್ ನೀರಿಗೆ 25 ಗ್ರಾಂ. ವಾಸನೆ ಮಾತ್ರ ದೇವರೇ ಗತಿ. ಹುಳ ಇನ್ನೂ ಸಣ್ಣವಿದ್ದರೆ ಶೇಕಡಾ 5ರ ಬೇವಿನ ಬೀಜದ ಕಷಾಯ ನಡೆಯುತ್ತೆ, ಅಂದ್ರೆ ಲೀಟರ್ ನೀರಿಗೆ 50 ಗ್ರಾಂ ಬೀಜದ ಪುಡಿ, ರಾತ್ರಿ ನೆನೆಸಿ, ಸೋಸಿ, ಚೂರು ಸಾಬೂನು ಬೆರೆಸಿ ಸಂಜೆ ಸಿಂಪಡಿಸೋದು. ಬಿಟಿ ಪುಡಿಯೂ ಬರುತ್ತೆ. ಬಿಟಿ ಹತ್ತಿ ಅಂತೀವಲ್ಲ, ಆ ಹತ್ತಿಗೆ ಗುಣ ಕೊಟ್ಟ ಬ್ಯಾಕ್ಟೀರಿಯಾನೇ ಇದು. ಮರಿ ಹುಳ ತಿಂದರೆ ಸಾಯುತ್ತೆ. ಬಲಿತ ಹುಳಕ್ಕೆ ಅಷ್ಟು ನಾಟಲ್ಲ. ಹುಳ ಹೋದ ಮೇಲೆ ಬುಡದ ಕಸ ಬಳಿದು, ಮಣ್ಣು ಸ್ವಲ್ಪ ಕೆದಕಿಬಿಡಿ. ಕೋಶಗಳು ಮೇಲೆ ಬರ್ತಾವೆ, ಕೋಳಿ ಇದ್ದರೆ ಉಳಿದ ಕೆಲಸ ಅವು ನೋಡ್ಕೊಳ್ತಾವೆ. ನಮ್ಮಲ್ಲಿ ಕೆಂಬೂತವೂ ಬರುತ್ತೆ, ಮಳೆಗಾಲಕ್ಕೆ ಚಾತಕವೂ. ಬೇರೆ ಹಕ್ಕಿ ಮೂಸದ ಕಂಬಳಿ ಹುಳ ಚಾತಕಕ್ಕೆ ಮೃಷ್ಟಾನ್ನ. ವಿಷ ಹೊಡೆದರೆ ಆ ಹುಳ ತಿಂದ ಅವಕ್ಕೂ ಪೆಟ್ಟು.

ಕಡಿತ ಶುರುವಾದರೆ ಉಜ್ಜಬೇಡಿ, ಉಜ್ಜಿದಷ್ಟೂ ಕೂದಲು ಒಳಗೆ ಹೋಗುತ್ತೆ. ಸೆಲ್ಲೋ ಟೇಪ್ ಅಂಟಿಸಿ ಕೀಳಿ, ಎರಡು ಮೂರು ಸಲ. ಆಮೇಲೆ ಸಾಬೂನು ಹಚ್ಚಿ ನೀರು ಸುರೀರಿ, ಬಟ್ಟೆ ಬದಲಿಸಿ. ಕಣ್ಣಿಗೆ ಹೋದರೆ, ಉಸಿರು ಕಟ್ಟಿದಂಗಾದರೆ ಮನೆ ಮದ್ದು ಬಿಟ್ಟು ಸೀದಾ ಆಸ್ಪತ್ರೆಗೆ ನಡೀರಿ.

ಕಡಿಯೋ ಮಾತಿಗೆ ಬರ್ತೀನಿ. ಮನೆ ಮುಂದೆ ನುಗ್ಗೆ ಹಚ್ಚಬಾರದು ಅಂತ ಹಿರಿಯರು ಹೇಳೋದರ ಹಿಂದೆ ಈ ಹುಳವೂ, ಗಾಳಿಗೆ ಪಟಕ್ಕನೆ ಮುರಿಯೋ ಟೊಂಗೆಯೂ ಇರಬೇಕು ಅಂತ ನನ್ನ ಅಂದಾಜು. ಆದರೆ ಎಲೆಯೆಲ್ಲ ತಿಂದು ಬೋಳಾದರೂ ನುಗ್ಗೆ ಸಾಯಲ್ಲ, ಮತ್ತೆ ಚಿಗುರುತ್ತೆ. ನಮ್ಮ ಬೆಂದ ಗಿಡವೇ ಸಾಕ್ಷಿ. ಬೇಕಿದ್ದರೆ ಸುಗ್ಗಿ ಮುಗಿದ ಮೇಲೆ ಎದೆ ಎತ್ತರಕ್ಕೆ ಸವರಿ, ಮುಂದಿನ ಸಲ ಹುಳ ಕೈಗೆ ಸಿಗೋ ಎತ್ತರದಲ್ಲೇ ಇರ್ತಾವೆ.

ಮಸ್ಕಿಯ ಹುಡುಗ ನಾಲ್ಕು ದಿನ ಕಸಬರಿಗೆ ಹಿಡಿದ. ಐದನೇ ದಿನ ಅವನ ಮೆಸೇಜು: "ಅಣ್ಣಾ, ಭಾಳ ಹೋದ್ವು, ಮ್ಯಾಲಿನ ಟೊಂಗ್ಯಾಗ ಒಂದಿಷ್ಟು ಅದಾವ. ಅಪ್ಪ ಇನ್ನೂ ಕೊಡಲಿ ಒಳಗ ಇಟ್ಟಿಲ್ಲ." ಇನ್ನೊಂದು ವಾರ ಕೊಡೋಕೆ ಹೇಳು ಅಂದೆ. ನಿಮ್ಮ ಗಿಡದಲ್ಲಿ ಇರೋದು ಬೇರೆ ಹುಳ ಅನ್ನಿಸಿದರೆ ಹೋಬಳಿಯ ರೈತ ಸಂಪರ್ಕ ಕೇಂದ್ರಕ್ಕೆ ಫೋಟೋ ತೋರಿಸಿ, ಇಲ್ಲಾಂದ್ರೆ ಕಿಸಾನ್ ಕಾಲ್ ಸೆಂಟರ್ 1800-180-1551ಕ್ಕೆ ಕರೆ ಮಾಡಿ, ದುಡ್ಡು ಹಿಡಿಯಲ್ಲ, ಕನ್ನಡದಲ್ಲೇ ಮಾತಾಡ್ತಾರೆ. ಫೋಟೋ ತೆಗೆಯುವಾಗ ಹುಳದ್ದೊಂದು, ಎಲೆಯದ್ದೊಂದು, ಪೂರ್ತಿ ಗಿಡದ್ದೊಂದು ತೆಗೀರಿ.