ರಾಕ್‌ಫೋರ್: ಕುರಿಹಾಲನ್ನು ನಂಬಿ ಬಾಳುವ ಒಂದು ಫ್ರೆಂಚ್ ಗ್ರಾಮ

ಫ್ರಾನ್ಸ್ ದೇಶದ ದಕ್ಷಿಣ ಭಾಗದಲ್ಲಿ ಅವೆಯ್ರೋನ್ ಎಂಬ ಜಿಲ್ಲೆಯಿದೆ. ಈ ಜಿಲ್ಲೆಯ ಮಿಯೋ ಪಟ್ಟಣದಿಂದ ನೈರುತ್ಯಕ್ಕೆ ಹೊರಟರೆ ಬೋಳು ಸುಣ್ಣಕಲ್ಲಿನ ಬೆಟ್ಟವೊಂದು ಎದುರಾಗುತ್ತದೆ. ಅದರ ಹೆಸರು ಕೊಂಬಾಲು. ಬೆಟ್ಟದ ಉತ್ತರ ಮಗ್ಗುಲಿಗೆ ಅಂಟಿಕೊಂಡಂತೆ ಒಂದೇ ಉದ್ದನೆಯ ಬೀದಿಯ ಊರು ಇದೆ. ಇದೇ ರಾಕ್‌ಫೋರ್. ಕೆಳಗಿನ ಕಣಿವೆಯಲ್ಲಿ ಹರಿಯುವ ಸೂಲ್ಜೋನ್ ಎಂಬ ಹಳ್ಳದ ಹೆಸರನ್ನೂ ಸೇರಿಸಿ ಇದನ್ನು ರಾಕ್‌ಫೋರ್-ಸ್ಯುರ್-ಸೂಲ್ಜೋನ್ ಎಂದು ಕರೆಯುತ್ತಾರೆ. ಆ ಸೀಮೆಯ ಹಳೆಯ ಭಾಷೆಯಲ್ಲಿ ರಾಕ್‌ಫೋರ್ ಎಂದರೆ ಗಟ್ಟಿ ಬಂಡೆ.

ಫ್ರಾನ್ಸಿನಲ್ಲಿ ಸ್ಥಳೀಯ ಆಡಳಿತದ ಅತಿ ಚಿಕ್ಕ ಘಟಕಕ್ಕೆ ಕೊಮ್ಯೂನ್ ಎಂಬ ಹೆಸರಿದೆ. ಅದನ್ನು ನಮ್ಮ ಗ್ರಾಮ ಪಂಚಾಯಿತಿಗೆ ಹೋಲಿಸಬಹುದು. ರಾಕ್‌ಫೋರ್ ಅಂತಹ ಒಂದು ಕೊಮ್ಯೂನ್. ಜನಸಂಖ್ಯೆ ಕೆಲವು ನೂರು ಮಾತ್ರ. ಇಷ್ಟು ಸಣ್ಣ ಊರಿನ ಹೆಸರು ಜಗತ್ತಿನ ದೊಡ್ಡ ನಗರಗಳ ಅಂಗಡಿಗಳಲ್ಲೆಲ್ಲ ಕೇಳಿಬರಲು ಕಾರಣ ಅಲ್ಲಿ ಹದಗೊಳ್ಳುವ ಕುರಿಹಾಲಿನ ಚೀಸ್. ಚೀಸನ್ನು ಕೆಲವರು ಗಿಣ್ಣು ಎಂದು ಅನುವಾದಿಸುವುದುಂಟು. ನಮ್ಮ ಗಿಣ್ಣು ಈದ ಹಸುವಿನ ಮೊದಲ ಹಾಲಿನದು. ಚೀಸ್ ಹಾಗಲ್ಲ, ಹಾಲನ್ನು ಹೆಪ್ಪಿನಿಂದ ಒಡೆಸಿ, ನೀರು ಬಸಿದು, ಉಪ್ಪು ಸವರಿ, ವಾರ ತಿಂಗಳುಗಟ್ಟಲೆ ಮಾಗಿಸಿದ ಪದಾರ್ಥ. ಆದ್ದರಿಂದ ಚೀಸ್ ಎಂಬ ಮಾತನ್ನೇ ಇಲ್ಲಿ ಬಳಸಲಾಗಿದೆ.

ಕುಸಿದ ಬೆಟ್ಟದ ಗಾಳಿ

ಪ್ರಾಚೀನ ಕಾಲದಲ್ಲಿ ಕೊಂಬಾಲು ಬೆಟ್ಟದ ಒಂದು ಪಾರ್ಶ್ವ ಕುಸಿಯಿತು. ಮೇಲಿನ ಸುಣ್ಣಕಲ್ಲು ಭಾರ, ಅದರ ಅಡಿಯ ಜೇಡಿ ಪದರ ಜಾರುವಂಥದು. ಜೇಡಿಯ ಮೇಲೆ ಬಂಡೆ ಜಾರಿ ಸುಮಾರು ಎರಡು ಕಿಲೋಮೀಟರು ಉದ್ದಕ್ಕೆ ಹೋಳು ಹೋಳಾಗಿ ಬಿದ್ದಿತು. ಬಿದ್ದ ಬಂಡೆಗಳ ನಡುವೆ ಆಳವಾದ ಬಿರುಕುಗಳು ಉಳಿದವು. ಈ ಬಿರುಕುಗಳಿಗೆ ಸ್ಥಳೀಯರು ಫ್ಲೂರಿನ್ ಎನ್ನುತ್ತಾರೆ. ಬೆಟ್ಟದೊಳಗೆ ಜಿನುಗುವ ನೀರಿನ ಸಂಪರ್ಕದಿಂದ ತಂಪಾದ, ತೇವಭರಿತ ಗಾಳಿ ಈ ಬಿರುಕುಗಳ ಮೂಲಕ ಒಂದೇ ಸಮನೆ ಸುಳಿಯುತ್ತಿರುತ್ತದೆ. ಹೊರಗೆ ಬಿರುಬೇಸಿಗೆಯಿರಲಿ, ಹಿಮ ಬೀಳಲಿ, ಒಳಗಿನ ಉಷ್ಣತೆ 8ರಿಂದ 12 ಡಿಗ್ರಿ ಸೆಂಟಿಗ್ರೇಡಿನೊಳಗೆ ಇರುತ್ತದೆ. ಗಾಳಿಯ ತೇವಾಂಶ ಶೇಕಡಾ 95ರ ಸುತ್ತಮುತ್ತ. ವಿದ್ಯುತ್ತೂ ಇಲ್ಲ, ಯಂತ್ರವೂ ಇಲ್ಲ, ಖರ್ಚಿಲ್ಲದ ಶೀತಲಗೃಹ! ಊರಿನ ಜನ ಈ ಬಿರುಕುಗಳಿಗೆ ಹೊಂದಿಸಿ ಅಂತಸ್ತಿನ ಮೇಲೆ ಅಂತಸ್ತಾಗಿ ನೆಲಮಾಳಿಗೆಗಳನ್ನು ಕಟ್ಟಿದ್ದಾರೆ. ಬಿರುಕಿನ ಬಾಯಿಗೆ ಬಾಗಿಲಿಟ್ಟು, ಬೇಕಾದಾಗ ತೆರೆದು ಬೇಡವಾದಾಗ ಮುಚ್ಚಿ ಗಾಳಿಯನ್ನು ಹತೋಟಿಯಲ್ಲಿಡುತ್ತಾರೆ. ಮಾಳಿಗೆಯ ಮೇಸ್ತ್ರಿಯ ನೈಪುಣ್ಯವೆಲ್ಲ ಈ ಬಾಗಿಲುಗಳಲ್ಲಿದೆ.

ಈ ಮಾಳಿಗೆಗಳಲ್ಲೇ ಒಂದು ಬಗೆಯ ನೀಲಿ ಹಸಿರು ಬೂಷ್ಟು ಬೆಳೆಯುತ್ತದೆ. ಶಾಸ್ತ್ರೀಯ ಹೆಸರು ಪೆನಿಸಿಲಿಯಂ ರಾಕ್‌ಫೋರ್ಟಿ. ಊರಿನ ಹೆಸರೇ ಬೂಷ್ಟಿಗೆ ಬಂದಿದೆ. ಹಿಂದೆ ದೊಡ್ಡ ರೈ ರೊಟ್ಟಿಗಳನ್ನು ಸುಟ್ಟು ಮಾಳಿಗೆಯಲ್ಲಿ ವಾರಗಟ್ಟಲೆ ಇಟ್ಟು, ಒಳಗೆಲ್ಲ ಬೂಷ್ಟು ತುಂಬಿದ ಮೇಲೆ ಒಣಗಿಸಿ ಪುಡಿ ಮಾಡಿ ಹೆಪ್ಪಿಗೆ ಬೆರೆಸುತ್ತಿದ್ದರು. ಈಗ ಹೆಚ್ಚಿನ ಬೂಷ್ಟನ್ನು ಪ್ರಯೋಗಾಲಯದಲ್ಲಿ ಬೆಳೆಸುತ್ತಾರೆ. ರೊಟ್ಟಿಯ ಪದ್ಧತಿಯನ್ನು ಬಿಡದವರೂ ಇದ್ದಾರೆ. ಬೇರೆಡೆಯ ಕಾರ್ಖಾನೆಗಳ ನೀಲಿ ಚೀಸಿನಲ್ಲಿ ಬಳಸುವ ಬೂಷ್ಟು ಬಹುಮಟ್ಟಿಗೆ ಒಂದೇ ಸಂತತಿಯದು, ರಾಕ್‌ಫೋರಿನ ಬೂಷ್ಟಿನಲ್ಲಿ ವೈವಿಧ್ಯ ಹೆಚ್ಚು ಉಳಿದಿದೆ ಎಂದು ಫ್ರೆಂಚ್ ವಿಜ್ಞಾನಿಗಳು ಇತ್ತೀಚಿನ ವರ್ಷಗಳಲ್ಲಿ ತೋರಿಸಿದ್ದಾರೆ. ನಾಟಿ ಬಿತ್ತನೆ ಬೀಜವನ್ನು ಕಾಪಾಡಿಕೊಂಡು ಬಂದ ರೈತರಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ.

ಸುಮಾರು 12 ಲೀಟರು ಹಾಲಿನಿಂದ ಎರಡೂವರೆಯಿಂದ ಮೂರು ಕಿಲೋ ತೂಗುವ ಒಂದು ಬಿಲ್ಲೆ ಸಿದ್ಧವಾಗುತ್ತದೆ. ಹಾಲನ್ನು ಕಾಯಿಸುವಂತಿಲ್ಲ, ಕೊಬ್ಬು ತೆಗೆಯುವಂತಿಲ್ಲ. ಬಿಲ್ಲೆಗೆ ಸೂಜಿಗಳಿಂದ ತೂತು ಮಾಡುತ್ತಾರೆ. ಬೂಷ್ಟು ಬೆಳೆಯಲು ಗಾಳಿ ಬೇಕಷ್ಟೆ. ಆಮೇಲೆ ಓಕ್ ಮರದ ಹಲಗೆಗಳ ಮೇಲೆ, ಏನೂ ಹೊದಿಸದೆ, ಕನಿಷ್ಠ 14 ದಿನ ಕೊಂಬಾಲುವಿನ ಮಾಳಿಗೆಯಲ್ಲಿಡಬೇಕು. ನಂತರ ತವರದ ತೆಳು ಹಾಳೆ ಸುತ್ತಿ ತಂಪಿನಲ್ಲಿಡುತ್ತಾರೆ. ತಯಾರಾದ ದಿನದಿಂದ 90 ದಿನ ತುಂಬದೆ ಮಾರಾಟವಿಲ್ಲ. ಮಾಳಿಗೆಯ ಕೆಲಸವನ್ನು ಬಹುಕಾಲ ಮಾಡಿದವರು ಹೆಂಗಸರು. ಕಬಾನಿಯೇರ್ ಎಂದು ಅವರಿಗೆ ಹೆಸರು. ವರ್ಷವಿಡೀ ಆ ಥಂಡಿಯಲ್ಲಿ ನಿಂತು ಉಪ್ಪು ತಿಕ್ಕಿ, ಬಿಲ್ಲೆ ಹೆರೆದು, ಮಗುಚಿಹಾಕಿದವರ ದುಡಿಮೆ ಚೀಸಿನ ಜಾಹೀರಾತುಗಳಲ್ಲಿ ಅಷ್ಟಾಗಿ ಕಾಣುವುದಿಲ್ಲ.

ಹೆಸರಿಗೊಂದು ಬೇಲಿ

ರಾಕ್‌ಫೋರಿನ ಜನ ತಮ್ಮ ಊರಿನ ಹೆಸರನ್ನು ಹೊಲದಂತೆಯೇ ಕಾದುಕೊಂಡು ಬಂದಿದ್ದಾರೆ. 1411ರಲ್ಲಿ ಆರನೆಯ ಚಾರ್ಲ್ಸ್ ದೊರೆಯು ಈ ಚೀಸನ್ನು ಮಾಗಿಸುವ ಹಕ್ಕು ಊರಿನವರದೇ ಎಂದು ಸನ್ನದು ಕೊಟ್ಟನು. 1666ರಲ್ಲಿ ತುಲೂಸ್ ನಗರದ ಉಚ್ಚ ನ್ಯಾಯಸಭೆಯು ಬೇರೆ ಚೀಸನ್ನು ರಾಕ್‌ಫೋರ್ ಎಂದು ಮಾರುವ ವರ್ತಕರಿಗೆ ದಂಡ ವಿಧಿಸಿತು. 1925ರ ಜುಲೈ 26ರಂದು ಫ್ರೆಂಚ್ ಸಂಸತ್ತು ಈ ಒಂದು ಚೀಸಿಗಾಗಿಯೇ ಕಾನೂನು ಮಾಡಿತು. 1930ರಲ್ಲಿ ಹಾಲು ಉತ್ಪಾದಕರೂ ಚೀಸ್ ತಯಾರಕರೂ ಒಂದೇ ಒಕ್ಕೂಟದಲ್ಲಿ ಸೇರಿದರು. ಈ ಒಕ್ಕೂಟವೇ ಮುಖ್ಯ. ಕಾನೂನು ಹೆಸರನ್ನು ಕಾಪಾಡಬಲ್ಲದು, ಆದರೆ ಹಾಲಿನ ಬೆಲೆ ಎಷ್ಟೆಂಬುದು ಮೇಜಿನ ಎದುರುಬದುರು ಕುಳಿತು ತೀರ್ಮಾನವಾಗಬೇಕು. ಅದಕ್ಕೆ ರೈತನಿಗೂ ಒಂದು ಕುರ್ಚಿ ಬೇಕು. 1961ರಲ್ಲಿ ಮಿಯೋ ನ್ಯಾಯಾಲಯವು ಕೊಂಬಾಲುವಿನ ಕುಸಿತದ ವಲಯದೊಳಗೆ ಮಾಗಿದ ಚೀಸಿಗೆ ಮಾತ್ರ ಈ ಹೆಸರು ಸಲ್ಲುತ್ತದೆಂದು ತೀರ್ಪಿತ್ತಿತು.

ಇದೇ ತತ್ವದ ಮೇಲೆ ನಮ್ಮ ದೇಶದಲ್ಲಿ ಭೌಗೋಳಿಕ ಗುರುತಿನ ಕಾಯಿದೆ 1999ರಲ್ಲಿ ಬಂದಿತು. ನಂಜನಗೂಡಿನ ರಸಬಾಳೆ, ಕೊಡಗಿನ ಕಿತ್ತಳೆ, ಮೈಸೂರು ವೀಳ್ಯದೆಲೆ ಅದರಡಿ ನೋಂದಣಿಯಾಗಿವೆ.

ಕಲ್ಲುನೆಲದ ಕುರಿ

ಊರಿನ ಸುತ್ತಣ ಎತ್ತರದ ಸುಣ್ಣಕಲ್ಲಿನ ಬಯಲುಗಳಿಗೆ ಕೋಸ್ ಎಂದು ಹೆಸರು. ಅವುಗಳಲ್ಲಿ ದೊಡ್ಡದು ಲಾರ್ಜಾಕ್. ಮಣ್ಣು ತೆಳು, ಕಲ್ಲು ಹೆಚ್ಚು. ಮಳೆ ಬಂದರೂ ನೀರು ನಿಲ್ಲದೆ ಸುಣ್ಣಕಲ್ಲಿನ ಸಂದಿಯಲ್ಲಿ ಇಳಿದುಹೋಗುತ್ತದೆ. ಅಲ್ಲಲ್ಲಿ ತಗ್ಗುಗಳಲ್ಲಿ ಕೆಂಪು ಜೇಡಿ ಶೇಖರವಾಗಿರುತ್ತದೆ. ಧಾನ್ಯವೋ ಮೇವಿನ ಬೆಳೆಯೋ ಬರುವುದು ಅಲ್ಲೇ. ಕುರಿಗಳಿಗೆ ನೀರು ಕುಡಿಸಲು ಜನ ಜೇಡಿ ಮೆತ್ತಿ ಕಲ್ಲು ಹಾಸಿದ ದುಂಡನೆಯ ಕಟ್ಟೆಗಳನ್ನು ಮಾಡಿದ್ದಾರೆ. ಲವೋನ್ಯ ಎಂಬ ಈ ಕಟ್ಟೆಗಳನ್ನು ನೋಡಿದರೆ ಬಯಲುಸೀಮೆಯ ರೈತನಿಗೆ ಪರಿಚಯದ ವಸ್ತು ಕಂಡಂತಾಗುತ್ತದೆ. ಈ ಪಶುಪಾಲನೆಯ ಭೂದೃಶ್ಯವನ್ನು, ಕೋಸ್ ಮತ್ತು ಸೆವೆನ್ ಎಂಬ ಹೆಸರಿನಲ್ಲಿ, 2011ರಲ್ಲಿ ಯುನೆಸ್ಕೋ ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿತು.

ಇಲ್ಲಿಯ ತಳಿ ಲಕೋನ್. ಕೊಂಬಿಲ್ಲದ, ಬಿಳಿಯ, ಉಣ್ಣೆ ಕಡಿಮೆಯಿರುವ ಕುರಿ. ಮರಿ ಸುಮಾರು ಒಂದು ತಿಂಗಳು ತಾಯಿಯ ಹಾಲು ಕುಡಿಯುತ್ತದೆ. ಅನಂತರದ ಹಾಲೆಲ್ಲ ಕರೆಯಲು. ನಮ್ಮ ಬನ್ನೂರು, ಡೆಕ್ಕನಿ, ಬಳ್ಳಾರಿ ಕುರಿಗಳನ್ನು ಸಾಕುವುದು ಮಾಂಸಕ್ಕೂ ಉಣ್ಣೆಗೂ, ಹಾಲು ಮರಿಯದು. ಆದ್ದರಿಂದ ಇಲ್ಲಿ ಗಮನಿಸಬೇಕಾದುದು ಲಕೋನ್ ತಳಿಯನ್ನಲ್ಲ, ಅದನ್ನು ಸುಧಾರಿಸಿದ ಕ್ರಮವನ್ನು. 1960ರಲ್ಲಿ ಒಂದು ಕುರಿ ಒಂದು ಸೂಲಿಗೆ ಕೊಡುತ್ತಿದ್ದ ಹಾಲು ಸುಮಾರು 80 ಲೀಟರು. 1990ರ ದಶಕದ ಕೊನೆಗೆ ಅದು 270 ಲೀಟರಿಗೆ ಏರಿತು. ಹೊರದೇಶದ ತಳಿ ತಂದು ಬೆರಕೆ ಮಾಡಲಿಲ್ಲ. ಎಲ್ಲ ಹಿಂಡುಗಳ ಹಾಲನ್ನೂ ಅಳೆಯಲಿಲ್ಲ. ಐದರಲ್ಲೊಂದು ಭಾಗದಷ್ಟು ಕುರಿಗಳಿರುವ ಆಯ್ದ ಹಿಂಡುಗಳಲ್ಲಿ ಮಾತ್ರ ಕಟ್ಟುನಿಟ್ಟಾಗಿ ಹಾಲಿನ ಲೆಕ್ಕವಿಟ್ಟು, ಅವುಗಳ ಮಗಳಂದಿರ ಇಳುವರಿಯಿಂದ ಟಗರುಗಳ ಯೋಗ್ಯತೆ ತಿಳಿದು, ಉತ್ತಮ ಟಗರಿನ ವೀರ್ಯವನ್ನೂ ಟಗರುಮರಿಗಳನ್ನೂ ಉಳಿದ ಹಿಂಡುಗಳಿಗೆ ಹಂಚಿದರು. ಲೆಕ್ಕ ಬರೆಯುವ ಬೇಸರದ ಕೆಲಸವೇ ಇದರ ಬೆನ್ನೆಲುಬು. ಮೇವಿನ ಸುಧಾರಣೆಯೂ ಜೊತೆಗೂಡಿತು: ಕುದುರೆಮಸಾಲೆ, ಹುಲ್ಲು ಬೇಸಾಯ, ಒಳ್ಳೆಯ ಒಣಮೇವು. ರಾಕ್‌ಫೋರಿಗೆ ಹತ್ತಿರದ ಲಾ ಫಾಜ್ ಎಂಬಲ್ಲಿ ಫ್ರೆಂಚ್ ಕೃಷಿ ಸಂಶೋಧನಾ ಸಂಸ್ಥೆಯ ಕ್ಷೇತ್ರವಿದ್ದು, ಕೆಚ್ಚಲುಬಾವನ್ನು ತಡೆಯುವ ಗುಣ ವಂಶಪಾರಂಪರ್ಯವಾಗಿ ಹೇಗೆ ಇಳಿಯುತ್ತದೆ ಎಂಬುದನ್ನು ಅಲ್ಲಿ ಪರೀಕ್ಷಿಸಲಾಗಿದೆ. ಈಗ ಟಗರಿನ ಆಯ್ಕೆಯಲ್ಲಿ ಹಾಲಿನ ಪ್ರಮಾಣವೊಂದನ್ನೇ ನೋಡುವುದಿಲ್ಲ.

ನೆಲಕ್ಕಾಗಿ ಹತ್ತು ವರ್ಷ

1971ರ ಅಕ್ಟೋಬರಿನಲ್ಲಿ ಫ್ರಾನ್ಸಿನ ರಕ್ಷಣಾ ಮಂತ್ರಿ ಮಿಶೆಲ್ ಡೆಬ್ರೆಯವರು ಲಾರ್ಜಾಕಿನ ಸೈನಿಕ ಶಿಬಿರವನ್ನು 3,000 ಹೆಕ್ಟೇರಿನಿಂದ 17,000 ಹೆಕ್ಟೇರಿಗೆ ವಿಸ್ತರಿಸುವುದಾಗಿ ಪ್ರಕಟಿಸಿದರು. ಪ್ಯಾರಿಸ್ಸಿನ ಕಚೇರಿಗಳ ದೃಷ್ಟಿಯಲ್ಲಿ ಅದು ಬರಡು ನೆಲ. ರಾಕ್‌ಫೋರಿಗೆ ಹಾಲು ಕೊಡುತ್ತಿದ್ದ ಕುಟುಂಬಗಳಿಗೆ ಅದೇ ಅನ್ನದ ನೆಲ. 1972ರ ಮಾರ್ಚಿಯಲ್ಲಿ 103 ರೈತರು ಜಮೀನು ಮಾರುವುದಿಲ್ಲವೆಂದು ಪ್ರತಿಜ್ಞಾಪತ್ರಕ್ಕೆ ಸಹಿ ಹಾಕಿದರು. ಅದಕ್ಕೆ ಪ್ರೇರಣೆ ಕೊಟ್ಟದ್ದು ಹದಿನೈದು ದಿನಗಳ ಒಂದು ಉಪವಾಸ. ಅದನ್ನು ಕೈಗೊಂಡವರು ಲಾಂಜಾ ದೆಲ್ ವಾಸ್ತೊ. ಇವರು 1937ರಲ್ಲಿ ವಾರ್ಧಾದಲ್ಲಿ ಗಾಂಧೀಜಿಯವರ ಬಳಿ ಇದ್ದು, ಅವರಿಂದ ಶಾಂತಿದಾಸ ಎಂಬ ಹೆಸರು ಪಡೆದಿದ್ದರು. ಅದೇ ವರ್ಷ ರೈತರು ಅರವತ್ತು ಕುರಿಗಳನ್ನು ಪ್ಯಾರಿಸ್ಸಿಗೆ ಒಯ್ದು ಐಫೆಲ್ ಗೋಪುರದ ಕೆಳಗೆ ಮೇಯಲು ಬಿಟ್ಟರು! ಅನುಮತಿಯಿಲ್ಲದೆಯೇ ಲಾ ಬ್ಲಾಕಿಯೇರ್ ಎಂಬಲ್ಲಿ ಕಲ್ಲಿನ ಕುರಿದೊಡ್ಡಿ ಕಟ್ಟಿದರು. 1978ರಲ್ಲಿ ಪ್ಯಾರಿಸ್ಸಿಗೆ ಕಾಲ್ನಡಿಗೆಯಲ್ಲಿ ಹೋದರು. 1981ರಲ್ಲಿ ಮಿತ್ತರಾಂ ಅಧ್ಯಕ್ಷರಾದ ಮೇಲೆ ಯೋಜನೆ ರದ್ದಾಯಿತು. ಸರ್ಕಾರ ಆಗಲೇ ಕೊಂಡಿದ್ದ ಸುಮಾರು 6,300 ಹೆಕ್ಟೇರು ಭೂಮಿಯನ್ನು ರೈತರದೇ ಸಂಘಕ್ಕೆ ದೀರ್ಘಾವಧಿ ಗುತ್ತಿಗೆಗೆ ಕೊಡಲಾಯಿತು. ಆ ಗುತ್ತಿಗೆ 2083ರವರೆಗೆ ಇದೆ.

ಈ ಹೋರಾಟದಿಂದ ಬಂದವರಲ್ಲಿ ಕುರಿ ಸಾಕಣೆಗಾರ ಜೋಸೆ ಬೋವೆ ಒಬ್ಬರು. 1999ರಲ್ಲಿ ಹಾರ್ಮೋನು ಕೊಟ್ಟು ಬೆಳೆಸಿದ ದನದ ಮಾಂಸವನ್ನು ಯೂರೋಪು ಬೇಡವೆಂದದ್ದಕ್ಕೆ ಪ್ರತಿಯಾಗಿ ಅಮೆರಿಕವು ರಾಕ್‌ಫೋರ್ ಚೀಸಿನ ಮೇಲೆ ಶೇಕಡಾ 100 ಸುಂಕ ಹೇರಿತು. ಆ ಆಗಸ್ಟಿನಲ್ಲಿ ಬೋವೆ ಮತ್ತು ಸಂಗಡಿಗರು ಮಿಯೋದಲ್ಲಿ ಕಟ್ಟಲಾಗುತ್ತಿದ್ದ ಮೆಕ್‌ಡೊನಾಲ್ಡ್ ಹೋಟೆಲನ್ನು ಬಿಚ್ಚಿಹಾಕಿದರು. ಅದೇ ವರ್ಷದ ಬೇಸಿಗೆಯಲ್ಲಿ ಪ್ರೊಫೆಸರ್ ಎಂ. ಡಿ. ನಂಜುಂಡಸ್ವಾಮಿಯವರ ನೇತೃತ್ವದಲ್ಲಿ ಕರ್ನಾಟಕ ರಾಜ್ಯ ರೈತ ಸಂಘದ ನೂರಾರು ರೈತರು ಯೂರೋಪಿನಲ್ಲಿ ಜಾಥಾ ನಡೆಸಿದ್ದನ್ನು ಹಿರಿಯ ಓದುಗರು ನೆನೆಯಬಹುದು. ಸ್ವತ್ತಿಗೆ ಕೈಹಾಕುವ ಚಳವಳಿಯ ರೀತಿ ಎಲ್ಲರಿಗೂ ಒಪ್ಪಿಗೆಯಾಗದು. ಎಲ್ಲೋ ನಡೆದ ಮಾಂಸದ ವ್ಯಾಜ್ಯಕ್ಕೆ ಕಲ್ಲುನೆಲದ ಕುರಿಗಾಹಿ ದಂಡ ತೆರಬೇಕಾಯಿತೆಂಬುದಂತೂ ದಿಟ.

ಇಂದಿನ ಆತಂಕ ಬೇರೆ ಬಗೆಯದು. ಹಾಲು ಹೆಚ್ಚಾಗಿದೆ, ಅದರಲ್ಲಿ ಒಂದು ಭಾಗವಷ್ಟೇ ರಾಕ್‌ಫೋರ್ ಆಗುತ್ತದೆ. ಉಳಿದದ್ದು ಹೆಸರಿಲ್ಲದ ಚೀಸಾಗಿ ಕಡಿಮೆ ಬೆಲೆಗೆ ಹೋಗುತ್ತದೆ. 2000ದ ನಂತರ ನಿಯಮ ಬಿಗಿಯಾಗಿ, ಮೇವಿನ ಮುಕ್ಕಾಲು ಪಾಲು ರೈತನ ಜಮೀನಿನಲ್ಲೇ ಬೆಳೆದಿರಬೇಕು, ಹುಲ್ಲಿರುವ ದಿನಗಳಲ್ಲಿ ಕುರಿ ಬಯಲಲ್ಲಿ ಮೇಯಬೇಕು ಎಂದಾಗಿದೆ. ಬರ ಬಿದ್ದ ವರ್ಷ ಇದನ್ನು ಪಾಲಿಸುವುದು ಸುಲಭವಲ್ಲ. 2019ರಲ್ಲಿ ಊರಿನ ದೊಡ್ಡ ತಯಾರಕರೊಬ್ಬರು ಕಾಯಿಸಿದ ಕುರಿಹಾಲಿನ ಮತ್ತೊಂದು ನೀಲಿ ಚೀಸನ್ನು ಮಾರುಕಟ್ಟೆಗೆ ಬಿಟ್ಟರು. ಅದರ ಮೇಲೆ ರಾಕ್‌ಫೋರ್ ಎಂಬ ಹೆಸರಿಲ್ಲ, ಆದರೆ ತಯಾರಕರ ಹಳೆಯ ಗುರುತು ಇದೆ. ಕೊಳ್ಳುವವರು ಎರಡನ್ನೂ ಒಂದೇ ಎಂದು ತಿಳಿಯುತ್ತಾರೆಂದು ರೈತರು ಪ್ರತಿಭಟಿಸಿದರು. ಗುರುತು ಕಂಪನಿಯದು, ಹೆಸರು ಊರಿನದು. ಅಂಗಡಿಯಲ್ಲಿ ಇವೆರಡೂ ಒಂದೇ ಹಲಗೆಯ ಮೇಲೆ ಪಕ್ಕಪಕ್ಕದಲ್ಲಿ ಕುಳಿತಿರುತ್ತವೆ.